ರಾಣಿಯ ರಕ್ತವೂ ರಾಜ್ಯದ ಪತನವೂ

ಈ ವರ್ಷ ನಮ್ಮ ಕಾಲೇಜಿನ ಇತಿಹಾಸ ಸಂಘದ ಆಶ್ರಯದಲ್ಲಿ ನಡೆದ ಚರ್ಚಾಕೂಟದಲ್ಲಿ ಮಿತ್ರರೊಬ್ಬರು ಒಂದು ಮಾತು ಹೇಳಿ ಸಭೆಯ ಕರತಾಡನ ಗಿಟ್ಟಿಸಿಕೊಂಡರು. ವಿಕ್ಟೋರಿಯಾ ರಾಣಿಯ ಒಂದು ತೊಟ್ಟು ಕೆಟ್ಟ ರಕ್ತ ರಷ್ಯಾದ ಮಹಾಸಾಮ್ರಾಜ್ಯವನ್ನೇ ಉರುಳಿಸಿತು ಎಂಬುದು ಆ ಮಾತು. ಅದಕ್ಕೆ ಬಾಲಂಗೋಚಿಯಾಗಿ, ಇದೆಲ್ಲ ಒಳಸಂಬಂಧದ ಮದುವೆಗಳ ಫಲವೆಂದೂ ನಮ್ಮವರು ಇದರಿಂದ ಬುದ್ಧಿ ಕಲಿಯಬೇಕೆಂದೂ ಸೇರಿಸಿದರು. ನಾನು ಹಿಂದಿನ ಬೆಂಚಿನಲ್ಲಿ ಕುಳಿತಿದ್ದೆ. ಏಳಬೇಕೆನಿಸಿತು; ಏಳಲಿಲ್ಲ. ಸಭೆಯಲ್ಲಿ ನಿಂತರೆ ನನ್ನ ನಾಲಗೆ ತೊಡರುತ್ತದೆಂಬುದು ಒಂದು ಕಾರಣ. ಇನ್ನೊಂದು ಕಾರಣವನ್ನು ಮುಂದೆ ಹೇಳುತ್ತೇನೆ. ವಾರ್ಷಿಕ ಸಂಚಿಕೆಗೆ ಏನಾದರೂ ಬರೆದುಕೊಡಿರೆಂದು ಸಂಪಾದಕರು ಕೇಳಿದಾಗ, ಅಂದು ಬಾಯಲ್ಲೇ ಉಳಿದುಹೋದದ್ದನ್ನು ಬರೆಯೋಣವೆಂದುಕೊಂಡೆ.

ನನ್ನ ಅಭಿಪ್ರಾಯವನ್ನು ಮೊದಲೇ ಹೇಳಿಬಿಡುತ್ತೇನೆ. ಮಿತ್ರರ ಮೊದಲನೆಯ ಮಾತು ಅರ್ಧ ಸುಳ್ಳು. ಎರಡನೆಯದು ಪೂರ್ತಿ ಸುಳ್ಳು. ಆದರೆ ಅವರೊಬ್ಬರದೇ ತಪ್ಪಲ್ಲ. ಎಷ್ಟೋ ಪುಸ್ತಕಗಳು ಹಾಗೆಯೇ ಬರೆದಿವೆ.

ರೋಗದ ಹೆಸರು ಹಿಮೋಫಿಲಿಯಾ. ಕನ್ನಡದಲ್ಲಿ ಕುಸುಮರೋಗವೆನ್ನುವುದುಂಟು, ಇಷ್ಟು ಚೆಲುವಾದ ಹೆಸರನ್ನು ಇಂಥ ರೋಗಕ್ಕೆ ಇಟ್ಟವರಾರೋ ಕಾಣೆ. ಗಾಯವಾದಾಗ ರಕ್ತ ಹೆಪ್ಪುಗಟ್ಟಬೇಕಾದರೆ ಹಲವು ಅಂಶಗಳು ಒಂದರ ಹಿಂದೆ ಒಂದು ಕೆಲಸ ಮಾಡಬೇಕು. ಅವುಗಳಲ್ಲಿ ಎಂಟನೆಯದು ಕೊರತೆಯಾದರೆ ಎ ವರ್ಗದ ಹಿಮೋಫಿಲಿಯಾ, ಒಂಬತ್ತನೆಯದು ಕೊರತೆಯಾದರೆ ಬಿ ವರ್ಗದ್ದು. ಚರ್ಮ ಗೀರಿದೊಡನೆ ರಕ್ತ ಕಾಲುವೆಯಾಗಿ ಹರಿದು ರೋಗಿ ಸಾಯುತ್ತಾನೆಂಬುದು ಜನರ ಕಲ್ಪನೆ. ಹಾಗಲ್ಲ. ನಿಜವಾದ ಕಾಟ ಒಳಗಿನದು. ಮಂಡಿ, ಮೊಣಕೈ, ಹರಡುಗಳ ಕೀಲಿನೊಳಗೆ ರಕ್ತ ಒಸರಿ ತುಂಬಿಕೊಳ್ಳುತ್ತದೆ. ಕೀಲು ಊದಿ ಕಲ್ಲಾಗುತ್ತದೆ. ನೋವಿನಿಂದ ಮಗು ಕಾಲು ಮಡಿಸಿಕೊಂಡು ಮಲಗುತ್ತದೆ. ಹೀಗೆ ಹಲವು ಸಲವಾದರೆ ಕೀಲು ಶಾಶ್ವತವಾಗಿ ಕೆಡುತ್ತದೆ. ಹೊರಗಿನಿಂದ ನೋಡಿದವರಿಗೆ ಒಂದು ತೊಟ್ಟು ರಕ್ತವೂ ಕಾಣುವುದಿಲ್ಲ.

ಇದು ವಂಶದಲ್ಲಿ ಇಳಿದುಬರುವ ದಾರಿ ವಿಚಿತ್ರ. ದೋಷವಿರುವುದು ಎಕ್ಸ್ ಎಂಬ ವರ್ಣತಂತುವಿನಲ್ಲಿ. ಹೆಣ್ಣಿಗೆ ಅಂಥವು ಎರಡು. ಒಂದು ಕೆಟ್ಟಿದ್ದರೂ ಇನ್ನೊಂದು ಸಾಮಾನ್ಯವಾಗಿ ಕೆಲಸ ತೂಗಿಸುತ್ತದೆ. ಆದುದರಿಂದ ಅವಳು ಬಹುಮಟ್ಟಿಗೆ ಆರೋಗ್ಯವಾಗಿಯೇ ಇದ್ದು ರೋಗವನ್ನು ಹೊತ್ತಿರುತ್ತಾಳೆ. ಗಂಡಿಗೆ ಇರುವುದು ಒಂದೇ, ಅದೂ ತಾಯಿಯಿಂದ ಬಂದದ್ದು. ವಾಹಕಳಾದ ತಾಯಿಯ ಪ್ರತಿಯೊಬ್ಬ ಮಗನಿಗೂ ರೋಗ ಬರುವ ಸಂಭವ ಅರ್ಧಕ್ಕರ್ಧ, ನಾಣ್ಯ ಚಿಮ್ಮಿದಂತೆ. ಹೆಣ್ಣುಮಕ್ಕಳು ವಾಹಕರಾಗುವ ಸಂಭವವೂ ಅಷ್ಟೇ. ರೋಗಿಯಾದ ತಂದೆಯಿಂದ ಗಂಡುಮಕ್ಕಳಿಗೆ ಬಾರದು. ಅವನ ಹೆಣ್ಣುಮಕ್ಕಳೆಲ್ಲರೂ ವಾಹಕರೇ.

ಈ ಲೆಕ್ಕವನ್ನು ಮನಸ್ಸಿನಲ್ಲಿಟ್ಟುಕೊಂಡು ಅರಮನೆಗಳನ್ನು ನೋಡೋಣ. ವಿಕ್ಟೋರಿಯಾ ರಾಣಿಗೆ ಒಂಬತ್ತು ಮಕ್ಕಳು. ಎಂಟನೆಯವನಾಗಿ 1853ರಲ್ಲಿ ಹುಟ್ಟಿದ ಲಿಯೊಪೋಲ್ಡನೇ ಆ ಮನೆತನದ ಮೊದಲ ರೋಗಿ. ಎರಡನೆಯ ಮಗಳು ಆಲಿಸ್ ಮತ್ತು ಕಿರಿಯ ಮಗಳು ಬಿಯಾಟ್ರಿಸ್ ವಾಹಕರು. ಆಲಿಸಳ ಮೂಲಕ ರೋಗ ಜರ್ಮನಿಯ ಹೆಸ್ಸೆ ಸಂಸ್ಥಾನಕ್ಕೂ, ಅವಳ ಹೆಣ್ಣುಮಕ್ಕಳ ಮೂಲಕ ಪ್ರಷ್ಯಾಕ್ಕೂ ರಷ್ಯಾಕ್ಕೂ ಹೋಯಿತು. ಬಿಯಾಟ್ರಿಸಳ ಮಗಳ ಮೂಲಕ ಸ್ಪೇನಿಗೆ ಹೋಯಿತು. ಖಚಿತವಾಗಿ ತಿಳಿದ ಲೆಕ್ಕದಲ್ಲೇ ಒಂಬತ್ತು ಮಂದಿ ಗಂಡುಮಕ್ಕಳು ಇದಕ್ಕೆ ತುತ್ತಾದರು. ಲಿಯೊಪೋಲ್ಡನ ಮಗ ಚಾರ್ಲ್ಸ್ ಎಡ್ವರ್ಡನಿಗೆ ರೋಗ ಬರಲಿಲ್ಲ, ಬರುವಂತೆಯೂ ಇರಲಿಲ್ಲ. ಮಗಳು ಆಲಿಸ್ ವಾಹಕಳಾಗಿ, ಅವಳ ಮಗ ರೂಪರ್ಟ್ 1928ರಲ್ಲಿ ಮೋಟಾರು ಅಪಘಾತದ ತರುವಾಯ ತೀರಿಕೊಂಡ. ವಿಕ್ಟೋರಿಯಾಳ ಹಿರಿಯ ಮಗ ಏಳನೆಯ ಎಡ್ವರ್ಡನಿಗೆ ನಾಣ್ಯ ಒಳ್ಳೆಯ ಮಗ್ಗುಲಿಗೆ ಬಿದ್ದಿತ್ತು. ಇಂದಿನ ಬ್ರಿಟನ್ನಿನ ಸಿಂಹಾಸನ ಅವನ ಸಂತತಿಯದಾದ್ದರಿಂದ ಆ ದಾರಿಯಲ್ಲಿ ರೋಗ ಬರಲಿಲ್ಲ.

ಈ ರೋಗ ತಮ್ಮ ಮನೆತನದಲ್ಲಿ ಇರಲೇ ಇಲ್ಲವೆಂದು ರಾಣಿ ಹೇಳುತ್ತಿದ್ದಳಂತೆ. ಎಲ್ಲ ತಾಯಂದಿರೂ ಹಾಗೆಯೇ ಹೇಳುತ್ತಾರೆ. ಆದರೆ ಅವಳ ಮಾತು ನಿಜವಾಗಿದ್ದಿರಬೇಕು. ಅವಳ ಹಿಂದಿನವರಲ್ಲಿ ಈ ರೋಗದ ಸುಳಿವು ಕಾಣುವುದಿಲ್ಲ. ಅವಳು ಹುಟ್ಟಿದಾಗ ತಂದೆಯಾದ ಕೆಂಟ್ ಡ್ಯೂಕನಿಗೆ 51 ವರ್ಷ. ಆ ತಂದೆಯ ಬೀಜದಲ್ಲಿ ಹೊಸದಾಗಿ ಆದ ಒಂದು ಬದಲಾವಣೆಯಿಂದ ರೋಗ ಆರಂಭವಾಯಿತೆಂದು ಜೆ. ಬಿ. ಎಸ್. ಹಾಲ್ಡೇನ್ ಎಂಬ ವಿಜ್ಞಾನಿ ಊಹಿಸಿದರು. ರಾಜರಕ್ತದ ಕೆಡುಕಿನ ಬಗ್ಗೆ ಯಾರ ಮುಲಾಜೂ ಇಲ್ಲದೆ ಬರೆದ ಈ ಹಾಲ್ಡೇನರು 1957ರಲ್ಲಿ ಇಂಗ್ಲೆಂಡನ್ನು ತೊರೆದು ಕಲ್ಕತ್ತೆಗೆ ಬಂದು, ಭಾರತದ ಪ್ರಜೆಯಾಗಿ, 1964ರಲ್ಲಿ ಭುವನೇಶ್ವರದಲ್ಲಿ ದೇಹ ಬಿಟ್ಟರು. ನಮ್ಮ ವಿಜ್ಞಾನದ ಸಹೋದರರು ಅವರನ್ನು ಕುರಿತು ಈ ಪತ್ರಿಕೆಯಲ್ಲಿ ಎಂದಾದರೂ ಬರೆದಾರೇ?

ಈಗ ಒಳಸಂಬಂಧದ ಮಾತು. ವಿಕ್ಟೋರಿಯಾ ವರಿಸಿದ ಆಲ್ಬರ್ಟನು ಅವಳ ಸೋದರಮಾವನ ಮಗನೇ ಹೌದು. ಆದರೆ ಅವನಿಗೆ ರೋಗವಿರಲಿಲ್ಲ. ಅವಳು ಚೀನದ ಚಕ್ರವರ್ತಿಯನ್ನು ಮದುವೆಯಾಗಿದ್ದರೂ ಲಿಯೊಪೋಲ್ಡನಿಗೆ ಆ ರೋಗ ಬರುವ ಸಂಭವ ಅಷ್ಟೇ ಇರುತ್ತಿತ್ತು. ಗಂಡ ಹತ್ತಿರದವನೋ ದೂರದವನೋ ಎಂಬುದಕ್ಕೂ ಗಂಡುಮಗುವಿನ ಹಿಮೋಫಿಲಿಯಾಕ್ಕೂ ಸಂಬಂಧವಿಲ್ಲ. ಅದು ತಾಯಿ ಕೊಡುವ ಆ ಒಂದು ವರ್ಣತಂತುವಿನ ಮಾತು. ಇಷ್ಟು ಹೇಳಿ ನಾನು ರಕ್ತಸಂಬಂಧದ ಮದುವೆಗಳ ವಕಾಲತ್ತು ವಹಿಸುತ್ತಿದ್ದೇನೆಂದು ಯಾರೂ ತಿಳಿಯಬಾರದು. ಬೇರೆ ಜಾತಿಯ ರೋಗಗಳಿವೆ. ತಾಯಿ ತಂದೆ ಇಬ್ಬರಿಂದಲೂ ದೋಷ ಬಂದರೆ ಮಾತ್ರ ತಲೆಯೆತ್ತುವಂಥವು. ಅಲ್ಲಿ ಒಳಸಂಬಂಧ ಅಪಾಯವೇ. ಅದಕ್ಕೆ ಉದಾಹರಣೆ ಬೇಕಾದರೆ ಸ್ಪೇನಿನ ಹಳೆಯ ಹ್ಯಾಬ್ಸ್‌ಬರ್ಗ್ ಮನೆತನವನ್ನು ನೋಡಬೇಕು. ನಾಲ್ಕನೆಯ ಫಿಲಿಪ್ ತನ್ನ ತಂಗಿಯ ಮಗಳನ್ನೇ ಮದುವೆಯಾದ. ಅವರ ಮಗ ಎರಡನೆಯ ಚಾರ್ಲ್ಸ್ ತಡವಾಗಿ ನಡೆದ, ತಡವಾಗಿ ಮಾತಾಡಿದ, ಎರಡು ಮದುವೆಯಾದರೂ ಮಕ್ಕಳಿಲ್ಲದೆ 1700ರಲ್ಲಿ 38ನೆಯ ವಯಸ್ಸಿನಲ್ಲಿ ಸತ್ತ. ತಲೆಮಾರುಗಳ ಒಳಮದುವೆಯಿಂದಾಗಿ ಅವನ ರಕ್ತದ ಒಳಬೆರಕೆ ಒಡಹುಟ್ಟಿದವರಿಬ್ಬರಿಗೆ ಹುಟ್ಟಿದ ಮಗುವಿನದಕ್ಕಿಂತಲೂ ತುಸು ಹೆಚ್ಚೆಂದು 2009ರಲ್ಲಿ ಸ್ಪೇನಿನ ವಿಜ್ಞಾನಿಗಳು ಲೆಕ್ಕ ಹಾಕಿದರು. ಅವನ ಸಾವಿನ ಹಿಂದೆಯೇ ಅರ್ಧ ಯೂರೋಪು ಸಿಂಹಾಸನಕ್ಕಾಗಿ ಹತ್ತು ವರ್ಷಕ್ಕೂ ಮಿಕ್ಕಿ ಬಡಿದಾಡಿತು. ಮಿತ್ರರು ಈ ಚಾರ್ಲ್ಸನ ಹೆಸರು ಹೇಳಿದ್ದರೆ ನಾನೂ ಕೈತಟ್ಟುತ್ತಿದ್ದೆ.

ರಷ್ಯಾದ ಕಥೆಗೆ ಬರುತ್ತೇನೆ. ಇಮ್ಮಡಿ ನಿಕೊಲಾಸ್ ಚಕ್ರವರ್ತಿಗೂ ಆಲಿಸಳ ಮಗಳು ಅಲೆಕ್ಸಾಂದ್ರಾಳಿಗೂ 1894ರಲ್ಲಿ ಮದುವೆಯಾಯಿತು. ನಾಲ್ವರು ಹೆಣ್ಣುಮಕ್ಕಳಾದರು. ಐದನೆಯದಾಗಿ 1904ರಲ್ಲಿ ಗಂಡುಮಗು ಅಲೆಕ್ಸಿ ಹುಟ್ಟಿದಾಗ ತೋಪುಗಳು ಮೊಳಗಿದವು. ಕೆಲವೇ ವಾರಗಳಲ್ಲಿ ಕೂಸಿನ ಹೊಕ್ಕುಳಿನಿಂದ ರಕ್ತ ಸೋರತೊಡಗಿತು. ತಾಯಿಗೆ ಅದರ ಅರ್ಥ ತಿಳಿಯದಿರಲಿಲ್ಲ. ಅವಳ ಸ್ವಂತ ಅಣ್ಣ ಫ್ರೆಡರಿಕ್ ಎರಡೂವರೆ ವರ್ಷದ ಮಗುವಾಗಿದ್ದಾಗ, 1873ರಲ್ಲಿ, ಕಿಟಕಿಯಿಂದ ಬಿದ್ದು ಒಳಗೇ ರಕ್ತ ಸೋರಿ ತೀರಿಕೊಂಡಿದ್ದ.

ಆ ದಂಪತಿಗಳು ಮಾಡಿದ ಮೊದಲ ಕೆಲಸವೆಂದರೆ ಮುಚ್ಚಿಟ್ಟದ್ದು. ಇಂಗ್ಲೆಂಡಿನಲ್ಲಿ ಲಿಯೊಪೋಲ್ಡನ ರಕ್ತಸ್ರಾವದ ಸುದ್ದಿ 1868ರಷ್ಟು ಹಿಂದೆಯೇ ವೈದ್ಯಪತ್ರಿಕೆಯಲ್ಲಿ ಅಚ್ಚಾಗಿತ್ತು. ರಷ್ಯಾದಲ್ಲಿ ಯುವರಾಜನ ರೋಗ ರಾಜ್ಯರಹಸ್ಯವಾಯಿತು. ರಾಜಕುಮಾರಿಯರಿಗೆ ವರ್ಷಗಟ್ಟಲೆ ಫ್ರೆಂಚ್ ಪಾಠ ಹೇಳಿದ ಸ್ವಿಸ್ ಉಪಾಧ್ಯಾಯ ಪಿಯರ್ ಗಿಲಿಯಾರನಿಗೂ ಮಗುವಿಗೆ ಏನಾಗಿದೆಯೆಂದು ಬಹುಕಾಲ ಹೇಳಿರಲಿಲ್ಲ. 1912ರ ಶರತ್ಕಾಲದಲ್ಲಿ ಪೋಲೆಂಡಿನ ಸ್ಪಾಲಾ ಎಂಬ ಬೇಟೆಯ ಬಿಡದಿಯಲ್ಲಿ ಎಂಟು ವರ್ಷದ ಹುಡುಗ ತೊಡೆಸಂದಿಯ ಒಳಸ್ರಾವದಿಂದ ಸಾಯುವ ಸ್ಥಿತಿಗೆ ಬಂದ. ಪಾದ್ರಿಗಳು ಕೊನೆಯ ಸಂಸ್ಕಾರವನ್ನೂ ಮಾಡಿದರು. ಆಗ ವಿಧಿಯಿಲ್ಲದೆ ಅರಮನೆ ಪ್ರಕಟಣೆ ಹೊರಡಿಸಿತು. ಅದರಲ್ಲೂ ರೋಗದ ಹೆಸರಿಲ್ಲ. ಅದೇ ವೇಳೆಗೆ ಸೈಬೀರಿಯಾದ ಹಳ್ಳಿಯಿಂದ ರಾಸ್ಪುಟಿನ್ ತಂತಿ ಕಳುಹಿಸಿದ, ಮಗು ಬದುಕುತ್ತದೆ, ವೈದ್ಯರು ಅದನ್ನು ಹೆಚ್ಚು ಕಾಡಿಸದಿರಲಿ ಎಂದು. ಮಗು ಬದುಕಿತು. ಸುಮ್ಮನೆ ಮಲಗಲು ಬಿಟ್ಟದ್ದೇ ಉಪಕಾರವಾಯಿತೆಂದು ಕೆಲವರೂ, ರಕ್ತ ತಾನಾಗಿಯೇ ನಿಲ್ಲುವ ಸಮಯವಾಗಿತ್ತೆಂದು ಕೆಲವರೂ ಹೇಳುತ್ತಾರೆ. ಅದೇನೇ ಇರಲಿ, ಹತ್ತು ದಿನ ಮಗನ ನರಳಾಟ ಕೇಳಿದ ತಾಯಿ ಆ ತಂತಿಯನ್ನು ಹೇಗೆ ಓದಿರಬೇಕು! ಅವಳನ್ನು ಮೂಢಳೆಂದು ಬರೆಯುವ ಇತಿಹಾಸಕಾರರು ಒಂದು ರಾತ್ರಿಯಾದರೂ ಅಂಥ ಮಗುವಿನ ಹಾಸಿಗೆಯ ಬಳಿ ಕುಳಿತಿದ್ದರೆಂದು ನನಗೆ ತೋರುವುದಿಲ್ಲ.

ಜನಕ್ಕೆ ಕಂಡದ್ದು ಬೇರೆ. ಚಕ್ರವರ್ತಿನಿಯ ಅಂತಃಪುರಕ್ಕೆ ಹೆಸರು ಕೆಟ್ಟ ಒಬ್ಬ ರೈತ ಸನ್ಯಾಸಿ ಏಕೆ ಹೋಗಿ ಬರುತ್ತಾನೆಂಬುದಕ್ಕೆ ಅವರಿಗೆ ಕಾರಣ ತಿಳಿದಿರಲಿಲ್ಲ. ತಿಳಿಯದ ಕಡೆ ಜನ ತಾವೇ ಕಾರಣ ಹುಟ್ಟಿಸಿಕೊಳ್ಳುತ್ತಾರೆ. ಅದು ಯಾವಾಗಲೂ ನಿಜಕ್ಕಿಂತ ಕೆಟ್ಟದಾಗಿರುತ್ತದೆ. ಮಗನಿಗೆ ಹೀಗಿದೆ ಎಂದು ಅರಸ ಒಂದು ಮಾತು ಹೇಳಿದ್ದರೆ, ನಾಲ್ಕು ಕೋಟಿ ತಾಯಂದಿರಲ್ಲಿ ಅರ್ಧದಷ್ಟು ಜನರಾದರೂ ಮರುಗುತ್ತಿದ್ದರೋ ಏನೋ. ನನ್ನ ಮಟ್ಟಿಗೆ ಸಿಂಹಾಸನಕ್ಕೆ ಕೇಡು ಮಾಡಿದ್ದು ರೋಗಕ್ಕಿಂತ ಹೆಚ್ಚಾಗಿ ಈ ಗುಟ್ಟು.

ಆದರೂ ಇದರಿಂದಲೇ ಸಾಮ್ರಾಜ್ಯ ಬಿದ್ದಿತೆನ್ನಬಹುದೇ? ಜಪಾನಿನ ಕೈಯಲ್ಲಿ ರಷ್ಯಾ ಸೋತು, ಅರ್ಜಿ ಹಿಡಿದು ಬಂದ ಕೆಲಸಗಾರರ ಮೇಲೆ ರಾಜಧಾನಿಯಲ್ಲಿ ಗುಂಡು ಹಾರಿದ್ದು 1905ರ ಜನವರಿಯಲ್ಲಿ. ಆಗ ಅಲೆಕ್ಸಿ ತೊಟ್ಟಿಲ ಕೂಸು. ರಾಸ್ಪುಟಿನ್ ಚಕ್ರವರ್ತಿಯನ್ನು ಮೊದಲು ಕಂಡದ್ದೇ ಆ ವರ್ಷದ ನವೆಂಬರಿನಲ್ಲಿ. ಭೂಮಿಯಿಲ್ಲದ ರೈತ, ಹನ್ನೆರಡು ಗಂಟೆ ದುಡಿಯುವ ಕೂಲಿ, 1914ರ ಯುದ್ಧದಲ್ಲಿ ಲಕ್ಷಗಟ್ಟಲೆ ಸತ್ತ ಸೈನಿಕರು, 1917ರಲ್ಲಿ ಪೆಟ್ರೊಗ್ರಾಡಿನ ರೊಟ್ಟಿಯ ಸಾಲುಗಳು, ಇವು ಒಂದು ಮಗುವಿನ ಮಂಡಿಯಿಂದ ಹುಟ್ಟಿದುವಲ್ಲ. ಹಾಗೆನ್ನುವುದು ಆ ಜನರಿಗೆಲ್ಲ ಅನ್ಯಾಯ. ರೋಗ ನಿಜವಾಗಿ ಇತಿಹಾಸದ ಕೈ ಹಿಡಿದು ಎಳೆದದ್ದು ಒಂದು ಘಳಿಗೆಯಲ್ಲಿ. 1917ರ ಮಾರ್ಚಿಯಲ್ಲಿ ನಿಕೊಲಾಸ್ ಮೊದಲು ಮಗನಿಗೆ ಪಟ್ಟ ಬಿಟ್ಟುಕೊಡಲು ಒಪ್ಪಿದ್ದ. ಬಳಿಕ ವೈದ್ಯ ಫೆಡೊರೊವನನ್ನು ಕರೆಸಿ, ಹುಡುಗ ಬದುಕಿಯಾನೇ ಎಂದು ಕೇಳಿದ. ಗುಣವಾಗುವ ರೋಗವಲ್ಲವೆಂದು ತಿಳಿದಮೇಲೆ ಮಗನ ಪರವಾಗಿಯೂ ಪಟ್ಟ ತ್ಯಜಿಸಿ ತಮ್ಮ ಮಿಖಾಯಿಲನಿಗೆ ಬಿಟ್ಟ, ಮಿಖಾಯಿಲ ಒಪ್ಪಲಿಲ್ಲ. ಅಲ್ಲಿಗೆ ಮುನ್ನೂರು ವರ್ಷದ ರೊಮಾನೊವ್ ವಂಶ ಮುಗಿಯಿತು. ಅರಸನಾಗಿ ಅವನು ಮಾಡಿದ ತಪ್ಪುಗಳು ಬೇಕಾದಷ್ಟಿವೆ. ತಂದೆಯಾಗಿ ಮಾಡಿದ ಈ ಒಂದನ್ನು ತಪ್ಪೆನ್ನಲು ನನಗೆ ಬಾಯಿ ಬಾರದು. 1918ರ ಜುಲೈ 17ರಂದು ಎಕಟೆರಿನ್‌ಬರ್ಗಿನಲ್ಲಿ ಎಲ್ಲರನ್ನೂ ಕೊಂದರು. ನಡೆಯಲಾರದ ಹದಿಮೂರು ವರ್ಷದ ಹುಡುಗನನ್ನು ತಂದೆಯೇ ಎತ್ತಿಕೊಂಡು ನೆಲಮಾಳಿಗೆಗೆ ಇಳಿದ.

ಮುಂದೆ ಅವರ ಮೂಳೆಗಳನ್ನು ಗುರುತಿಸಲು ವಿಜ್ಞಾನಿಗಳಿಗೆ ರಕ್ತ ಕೊಟ್ಟವರು ಎಲಿಜಬೆತ್ ರಾಣಿಯವರ ಪತಿ ಫಿಲಿಪ್. ಅವರು ಅಲೆಕ್ಸಾಂದ್ರಾಳ ಅಕ್ಕನ ಮೊಮ್ಮಗಳ ಸಂತತಿಯಲ್ಲ, ಮಗಳ ಮಗ. ಅಲೆಕ್ಸಿಯ ಮೂಳೆಗಳು 2007ರಲ್ಲಿ ಸಿಕ್ಕವು. 2009ರಲ್ಲಿ ಅವುಗಳ ಪರೀಕ್ಷೆಯಿಂದ, ಆ ರೋಗ ಬಿ ವರ್ಗದ್ದೆಂದು ನಿಶ್ಚಯವಾಯಿತು. ನೂರೈವತ್ತು ವರ್ಷ ಜನ ರಾಜರೋಗವೆಂದು ಕರೆದದ್ದು ಒಂಬತ್ತನೆಯ ಅಂಶದ ಜೀನಿನಲ್ಲಿ ಒಂದೇ ಒಂದು ಅಕ್ಷರದ ತಪ್ಪು.

ಸ್ಪೇನಿನ ಕಥೆಯನ್ನು ನಮ್ಮ ಪುಸ್ತಕಗಳು ಹೇಳುವುದಿಲ್ಲ. ನನಗೆ ಅದೇ ಹೆಚ್ಚು ನಾಟಿತು. ಬಿಯಾಟ್ರಿಸಳ ಮಗಳು ಏನಾ 1906ರಲ್ಲಿ ಹದಿಮೂರನೆಯ ಆಲ್ಫೊನ್ಸೊ ದೊರೆಯ ಕೈಹಿಡಿದಳು. ಮ್ಯಾಡ್ರಿಡ್ ಬೀದಿಯಲ್ಲಿ ಮದುವೆಯ ದಿಬ್ಬಣದ ಮೇಲೆಯೇ ಬಾಂಬು ಬಿತ್ತು, ದಂಪತಿಗಳು ಪಾರಾದರು. ಮರುವರ್ಷ ಹುಟ್ಟಿದ ಹಿರಿಯ ಮಗನಿಗೂ, 1914ರಲ್ಲಿ ಹುಟ್ಟಿದ ಕಿರಿಯ ಮಗ ಗೊಂಜಾಲೊನಿಗೂ ಹಿಮೋಫಿಲಿಯಾ. ಮದುವೆಗೆ ಮೊದಲೇ ದೊರೆಗೆ ಎಚ್ಚರಿಕೆ ಕೊಡಲಾಗಿತ್ತೆಂದು ಬರೆಯುತ್ತಾರೆ. ಆದರೂ ಅವನು ಹೆಂಡತಿಯನ್ನು ಕ್ಷಮಿಸಲಿಲ್ಲ. ಅವಳು ಬೇಕೆಂದು ತಂದ ರೋಗವೇ ಅದು? 1931ರಲ್ಲಿ ದೇಶ ಬಿಟ್ಟ ಮೇಲೆ ಇಬ್ಬರೂ ಬೇರೆಯಾದರು. ಗೊಂಜಾಲೊ 1934ರಲ್ಲಿ ಆಸ್ಟ್ರಿಯದಲ್ಲಿ, ಹಿರಿಯವನು 1938ರಲ್ಲಿ ಅಮೆರಿಕದ ಮಯಾಮಿಯಲ್ಲಿ, ಸಾಮಾನ್ಯರು ಎದ್ದು ಮೈ ಕೊಡವಿಕೊಂಡು ಹೋಗುವಂಥ ಮೋಟಾರು ಅಪಘಾತಗಳಲ್ಲಿ ಒಳಸ್ರಾವದಿಂದ ತೀರಿಕೊಂಡರು. ಆ ತಾಯಿ 1969ರವರೆಗೆ ಬದುಕಿದ್ದಳು.

ಆಗ ಎದ್ದು ಮಾತಾಡದಿದ್ದ ಎರಡನೆಯ ಕಾರಣವನ್ನು ಇನ್ನು ಹೇಳಬೇಕು. ನನ್ನ ಚಿಕ್ಕಮ್ಮನ ಮಗನಿಗೆ ಇದೇ ರೋಗವಿದೆ. ಅವನದು ಎ ವರ್ಗದ್ದು. ಅಂಬೆಗಾಲಿಡುವಾಗ ಮೈಮೇಲೆ ನೀಲಿ ಬಾವುಗಳು ಕಾಣಿಸಿಕೊಂಡವು. ಮಂಡಿ ಊದಿಕೊಂಡಾಗ ಒಬ್ಬರು ವಾತವೆಂದರು, ಇನ್ನೊಬ್ಬರು ದೃಷ್ಟಿಯೆಂದರು; ಎಣ್ಣೆ ಹಚ್ಚಿ ತೀಡಿದರು. ತೀಡಿದಷ್ಟೂ ಒಳಗೆ ರಕ್ತ ಸೋರಿತು. ನಿಜವಾದ ಹೆಸರು ತಿಳಿಯುವ ವೇಳೆಗೆ ಅವನಿಗೆ ಆರು ವರ್ಷ. ಎಡಮಂಡಿ ಪೂರ್ತಿ ಚಾಚಲು ಬಾರದಾಗಿತ್ತು. ಚಿಕ್ಕಮ್ಮ ಸೋದರತ್ತೆಯ ಮಗನನ್ನು ಮದುವೆಯಾದವಳು. ಬಂಧುಗಳೆಲ್ಲ ಒಕ್ಕೊರಲಿನಿಂದ, "ಸಂಬಂಧದಲ್ಲಿ ಕೊಟ್ಟು ತಂದದ್ದಕ್ಕೆ ಹೀಗಾಯಿತು" ಎಂದರು. ಅದು ಸುಳ್ಳೆಂದು ಮೇಲೆ ಬರೆದಿದ್ದೇನೆ. ರೋಗ ತಾಯಿಯಿಂದ ಬರುತ್ತದೆಂದು ಯಾರೋ ಹೇಳಿದ ಮೇಲೆ ಆ ಮಾತು ನಿಂತಿತು, ಬೇರೊಂದು ಆರಂಭವಾಯಿತು. ಚಿಕ್ಕಮ್ಮ ಮನೆಯ ಶುಭಕಾರ್ಯಗಳಲ್ಲಿ ಅಡುಗೆಮನೆಯಿಂದ ಈಚೆಗೆ ಬರುವುದನ್ನು ಬಿಟ್ಟಳು. ಏನಾ ರಾಣಿಯ ಚಿತ್ರವನ್ನು ಗ್ರಂಥಾಲಯದ ಪುಸ್ತಕದಲ್ಲಿ ನೋಡಿದಾಗ ನನಗೆ ನೆನಪಾದದ್ದು ಅವಳ ಮುಖ.

ನಮ್ಮ ಮನೆಯೂ ಅದನ್ನು ಮುಚ್ಚಿಟ್ಟಿತು. ಚಿಕ್ಕಮ್ಮ ವಾಹಕಳಾದರೆ ನಮ್ಮ ತಾಯಿಯೂ ಇರಬಹುದು. ತಾಯಿಯಾದರೆ ಅಕ್ಕನೂ ಇರಬಹುದು. ಅಕ್ಕನಿಗೆ ಗಂಡು ನೋಡುತ್ತಿದ್ದ ಕಾಲ. ಬಂದವರ ಮುಂದೆ ತಮ್ಮನನ್ನು, ಸೈಕಲ್ಲಿನಿಂದ ಬಿದ್ದು ಕಾಲು ಕುಂಟಾಗಿದೆ ಎಂದು ಪರಿಚಯಿಸುತ್ತಿದ್ದೆವು. ಹಾಗೆ ಹೇಳಿದವರಲ್ಲಿ ನಾನೂ ಒಬ್ಬ. ಸೈಕಲ್ಲನ್ನು ಅವನು ಜನ್ಮದಲ್ಲಿ ಮುಟ್ಟಿರಲಿಲ್ಲ. ಕಡೆಗೆ ಅಕ್ಕ ತಾನೇ ಹಟ ಹಿಡಿದು ಬೆಂಗಳೂರಿಗೆ ಹೋಗಿ ಪರೀಕ್ಷೆ ಮಾಡಿಸಿಕೊಂಡು ಬಂದಳು. ಫಲಿತಾಂಶ ಅವಳ ಸ್ವಂತದ್ದು, ಇಲ್ಲಿ ಬರೆಯುವುದಿಲ್ಲ.

ಅಲೆಕ್ಸಿಗೆ ಇಲ್ಲದಿದ್ದ ಒಂದು ಭಾಗ್ಯ ನನ್ನ ತಮ್ಮನಿಗಿದೆ. ಕೊರತೆಯಾದ ಅಂಶವನ್ನೇ ಚುಚ್ಚುಮದ್ದಾಗಿ ಈಗ ಕೊಡುತ್ತಾರೆ. ಸರ್ಕಾರಿ ಆಸ್ಪತ್ರೆಗಳಲ್ಲಿ ಉಚಿತವಾಗಿ ದೊರೆಯುವ ಏರ್ಪಾಡೂ ಇದೆ, ದಾಸ್ತಾನು ಇದ್ದ ದಿನ. 2022ರಲ್ಲಿ ಅಮೆರಿಕದಲ್ಲಿ ಬಿ ವರ್ಗಕ್ಕೆ ಒಂದು ಜೀನ್ ಚಿಕಿತ್ಸೆಗೆ ಒಪ್ಪಿಗೆ ದೊರೆಯಿತು. ಬೆಲೆ ಒಬ್ಬರಿಗೆ 35 ಲಕ್ಷ ಡಾಲರು! ಈ ಅರ್ಥದಲ್ಲಿ ಮಾತ್ರ ಇದು ಈಗಲೂ ರಾಜರ ರೋಗ.

ಈ ಲೇಖನವನ್ನು ಸಂಪಾದಕರಿಗೆ ಕೊಡುವ ಮೊದಲು ತಮ್ಮನಿಗೆ ಓದಿ ತೋರಿಸಿದೆ. ರಾಸ್ಪುಟಿನನ ಭಾಗದಲ್ಲಿ ಅವನಿಗೆ ಆಸಕ್ತಿ ಹುಟ್ಟಲಿಲ್ಲ. "ಆ ಲಿಯೊಪೋಲ್ಡ್ ಏನಾದ, ಅಣ್ಣ?" ಎಂದು ಕೇಳಿದ. ಹೇಳಿದೆ. ರಾಣಿ ಅವನನ್ನು ಮನೆಯಲ್ಲೇ ಹತ್ತಿಯಲ್ಲಿ ಸುತ್ತಿಡಲು ನೋಡಿದಳು, ಅವನು ಕಾಡಿ ಬೇಡಿ 1872ರಲ್ಲಿ ಆಕ್ಸ್‌ಫರ್ಡಿಗೆ ಓದಲು ಹೋದ, ಅಲ್ಲಿ ಚದುರಂಗದ ಸಂಘದ ಅಧ್ಯಕ್ಷನಾದ, ಮದುವೆಯಾದ, ಮಕ್ಕಳಾದರು, 1884ರಲ್ಲಿ ಫ್ರಾನ್ಸಿನ ಕಾನ್ ಪಟ್ಟಣದಲ್ಲಿ ಜಾರಿಬಿದ್ದು ಮೂವತ್ತನೆಯ ವಯಸ್ಸಿನಲ್ಲಿ ತೀರಿಕೊಂಡ. ಕೊನೆಯದನ್ನು ಹೇಳಲು ಹಿಂಜರಿದೆ, ಆದರೆ ಮುಚ್ಚಿಡುವುದನ್ನು ಬಿಟ್ಟಿದ್ದೇವಲ್ಲ. ಅವನು ಸ್ವಲ್ಪ ಹೊತ್ತು ಸುಮ್ಮನಿದ್ದು, "ಕಾಲೇಜಿಗೆ ಹೋದನಲ್ಲ" ಎಂದ.

ತಮ್ಮ ಈ ಸಲ ಎರಡನೆಯ ಪಿ.ಯು.ಸಿ. ಬರೆದಿದ್ದಾನೆ. ತೇರ್ಗಡೆಯಾದರೆ ನಮ್ಮ ಕಾಲೇಜಿಗೇ ಪ್ರಥಮ ಬಿ.ಎ.ಗೆ ಸೇರಬೇಕೆಂದಿದ್ದಾನೆ. ಚಿಕ್ಕಮ್ಮ ಇನ್ನೂ ಒಪ್ಪಿಲ್ಲ. ಅವಳ ಹೆದರಿಕೆ ಬಸ್ಸಿನ ನೂಕುನುಗ್ಗಲು, ಅದಕ್ಕಿಂತ ಹೆಚ್ಚಾಗಿ ನಮ್ಮ ಕಾಲೇಜಿನ ಮೆಟ್ಟಿಲು. ಪ್ರಥಮ ಬಿ.ಎ. ತರಗತಿಗಳು ಮಹಡಿಯ ಮೇಲೆ ನಡೆಯುತ್ತವೆ. ಮೆಟ್ಟಿಲು 34 ಇವೆ, ಎಣಿಸಿದ್ದೇನೆ. ಎರಡು ಕಡೆ ಅಂಚು ಒಡೆದಿದೆ, ಮಳೆಗಾಲದಲ್ಲಿ ಜಾರುತ್ತದೆ. 2016ರ ವಿಕಲಚೇತನರ ಹಕ್ಕುಗಳ ಕಾಯಿದೆಯ ಪಟ್ಟಿಯಲ್ಲಿ ಹಿಮೋಫಿಲಿಯಾವೂ ಸೇರಿದೆ. ಆದಕಾರಣ, ಮುಂದಿನ ವರ್ಷದಿಂದ ಆ ತರಗತಿಗಳನ್ನು ಕೆಳಗಿನ ಆರನೆಯ ಕೊಠಡಿಗೆ ಬದಲಾಯಿಸಬೇಕೆಂದು ಮಾನ್ಯ ಪ್ರಿನ್ಸಿಪಾಲರಿಗೆ ಅರ್ಜಿ ಬರೆದಿದ್ದೇನೆ. ಇದುವರೆಗೆ ಹನ್ನೊಂದು ಮಂದಿ ಸಹಿ ಮಾಡಿದ್ದಾರೆ. ಚರ್ಚಾಕೂಟದ ಆ ಮಿತ್ರರ ಸಹಿ ಅದರಲ್ಲಿ ಎರಡನೆಯದು. ಅರ್ಜಿ ಗ್ರಂಥಾಲಯದ ಮೇಜಿನ ಮೇಲಿದೆ.